ಒಂದು ಊರು ತೆಗೆದ ವಾಕ್ಚಿತ್ರ: ಐರ್ಲೆಂಡಿನ ‘ದಿ ಡಾನ್’

ಐರ್ಲೆಂಡ್ ದ್ವೀಪದ ನೈಋತ್ಯ ಮೂಲೆಯಲ್ಲಿ ಕೆರಿ ಎಂಬ ಸೀಮೆಯಿದೆ. ನಮ್ಮ ಒಂದು ಜಿಲ್ಲೆಗೆ ಹೋಲಿಸಬಹುದಾದ ಆಡಳಿತವಿಭಾಗ ಅದು. ಅಲ್ಲಿನ ಬೆಟ್ಟಗಳ ನಡುವೆ, ಸರೋವರಗಳ ದಡದಲ್ಲಿ, ಪ್ರವಾಸಿಗಳನ್ನು ನಂಬಿ ಬದುಕುವ ಕಿಲಾರ್ನಿ ಎಂಬ ಸಣ್ಣ ಪಟ್ಟಣವುಂಟು. 1930ರ ದಶಕದಲ್ಲಿ ಈ ಪಟ್ಟಣದಲ್ಲಿ ಟಾಮ್ ಕೂಪರ್ ಎಂಬ ಗೃಹಸ್ಥರೊಬ್ಬರು ಮೋಟಾರು ಗ್ಯಾರೇಜೊಂದನ್ನೂ ಚಿತ್ರಮಂದಿರವೊಂದನ್ನೂ ನಡೆಸಿಕೊಂಡಿದ್ದರು. ಪರವೂರುಗಳಿಂದ ಬಂದ ಚಿತ್ರಗಳನ್ನು ತಮ್ಮ ಊರಿನವರಿಗೆ ತೋರಿಸುವುದು ಅವರ ಕಸುಬು. ಹೀಗೆ ತೋರಿಸುತ್ತ ತೋರಿಸುತ್ತ, ನಮ್ಮ ಕಥೆಯನ್ನು ನಾವೇ ಏಕೆ ತೆಗೆಯಬಾರದು ಎಂಬ ಹಂಬಲ ಅವರಲ್ಲಿ ಮೂಡಿತು. ಆ ಹಂಬಲದ ಫಲವೇ 1936ರ ಮೇ ತಿಂಗಳಿನಲ್ಲಿ ಕಿಲಾರ್ನಿಯಲ್ಲಿಯೇ ಮೊದಲ ಪ್ರದರ್ಶನ ಕಂಡ ‘ದಿ ಡಾನ್’. ‘ಅರುಣೋದಯ’ ಎಂದು ನಾವು ಅದನ್ನು ಕನ್ನಡದಲ್ಲಿ ಕರೆಯಬಹುದು. ಐರಿಷ್ ಜನರು ತಾವೇ ತೆಗೆದ ಪೂರ್ಣಪ್ರಮಾಣದ ಮೊದಲ ವಾಕ್ಚಿತ್ರವೆಂದು ಆ ದೇಶದ ಚಲಚ್ಚಿತ್ರ ಚರಿತ್ರೆಯಲ್ಲಿ ಇದಕ್ಕೆ ಸ್ಥಾನವುಂಟು.

ಚಿತ್ರದ ವಸ್ತು ಸ್ವಾತಂತ್ರ್ಯಸಮರ. ಅದು ಪುರಾಣಕಾಲದ ಸಂಗತಿಯಾಗಿರಲಿಲ್ಲ. ಗುಂಡಿನ ಸದ್ದು ಅಡಗಿ ಹದಿನೈದು ವರ್ಷಗಳಷ್ಟೇ ಕಳೆದಿದ್ದವು. ಪಾತ್ರ ವಹಿಸಿದವರೆಲ್ಲ ಊರಿನ ಜನ. ಅವರಲ್ಲಿ ಹಲವರು ಆ ಸಮರದಲ್ಲಿ ನಿಜವಾಗಿಯೇ ಬಂದೂಕು ಹಿಡಿದು ಬೆಟ್ಟ ಹತ್ತಿದವರು. ಹಗಲು ತಂತಮ್ಮ ಉದ್ಯೋಗ ಮಾಡಿಕೊಂಡು, ಬಿಡುವಿನ ಸಂಜೆಗಳಲ್ಲಿ ಮತ್ತು ವಾರದ ಕೊನೆಯ ದಿನಗಳಲ್ಲಿ ಕೂಡಿಕೊಂಡು, ಹೆಚ್ಚಿನವರು ಸಂಬಳದ ಮಾತೆತ್ತದೆ, ಈ ಚಿತ್ರವನ್ನು ಮುಗಿಸಿದರು. ಕೂಪರರೇ ನಿರ್ದೇಶಕರು, ದಂಡಿನ ನಾಯಕನಾದ ಡ್ಯಾನ್ ಓಡೊನೊವನ್ ಎಂಬವನ ಪಾತ್ರವೂ ಅವರದೇ. ಕಥೆ ಹೆಣೆಯುವುದರಲ್ಲಿ ಜೊತೆಗೂಡಿದ ಡೋನಲ್ ಓಕಾಹಿಲ್ ಕೂಡ ಒಂದು ಮುಖ್ಯ ಪಾತ್ರವನ್ನು ವಹಿಸಿದರು.

ವಾಚಕರ ನೆನಪಿಗಾಗಿ ಆ ಸಮರದ ಹಿನ್ನೆಲೆಯನ್ನು ಸಂಕ್ಷೇಪವಾಗಿ ಹೇಳಿಬಿಡುತ್ತೇವೆ. 1916ರ ಈಸ್ಟರ್ ಹಬ್ಬದ ವಾರದಲ್ಲಿ ಡಬ್ಲಿನ್ ನಗರದಲ್ಲಿ ನಡೆದ ದಂಗೆಯನ್ನು ಬ್ರಿಟಿಷರು ಅಡಗಿಸಿ, ಅದರ ಮುಂದಾಳುಗಳನ್ನು ಗುಂಡಿಕ್ಕಿ ಕೊಂದರು. ಸತ್ತವರು ಬದುಕಿದ್ದವರಿಗಿಂತ ಬಲಿಷ್ಠರಾದರು. 1918ರ ಚುನಾವಣೆಯಲ್ಲಿ ಐರ್ಲೆಂಡಿನ 105 ಸ್ಥಾನಗಳ ಪೈಕಿ 73ನ್ನು ಗೆದ್ದ ಸಿನ್ ಫೇನ್ ಪಕ್ಷದವರು ಲಂಡನ್ನಿನ ಸಂಸತ್ತಿಗೆ ಹೋಗಲೊಲ್ಲದೆ, 1919ರ ಜನವರಿ 21ರಂದು ಡಬ್ಲಿನ್ನಿನಲ್ಲಿ ತಮ್ಮದೇ ಶಾಸನಸಭೆಯನ್ನು ಕೂಡಿಸಿದರು. ಅಂದಿನಿಂದ 1921ರ ಜುಲೈ 11ರ ಕದನವಿರಾಮದವರೆಗೆ ಹಳ್ಳಿಹಳ್ಳಿಗಳಲ್ಲಿ, ರಸ್ತೆಯ ತಿರುವುಗಳಲ್ಲಿ, ಹೊಂಚುಹಾಕಿ ಹೊಡೆಯುವ ಯುದ್ಧ ನಡೆಯಿತು. ಬ್ರಿಟಿಷರ ಆಳ್ವಿಕೆಗೆ ಆಧಾರವಾಗಿದ್ದುದು ರಾಯಲ್ ಐರಿಷ್ ಕಾನ್‌ಸ್ಟೇಬ್ಯುಲರಿ ಎಂಬ ಶಸ್ತ್ರಸಜ್ಜಿತ ಪೊಲೀಸ್ ಪಡೆ. ಅದರ ಪೇದೆಗಳಲ್ಲಿ ಬಹುಮಂದಿ ಐರಿಷ್ ರೈತರ ಮಕ್ಕಳೇ ಆಗಿದ್ದರೆಂಬುದನ್ನು ಇಲ್ಲಿ ನೆನಪಿಡಬೇಕು. ಆ ಪಡೆ ಕುಸಿಯತೊಡಗಿದಾಗ 1920ರಲ್ಲಿ ಬ್ರಿಟನ್ನಿನಿಂದ ಮಾಜಿ ಸೈನಿಕರನ್ನು ತಂದು ತುಂಬಿದರು. ಖಾಕಿಯೂ ಕಡುಬಣ್ಣವೂ ಬೆರೆತ ಅವರ ಸಮವಸ್ತ್ರವನ್ನು ಕಂಡು ಜನ ಇಟ್ಟ ಹೆಸರು ‘ಬ್ಲ್ಯಾಕ್ ಅಂಡ್ ಟ್ಯಾನ್’. ಮನೆ ಸುಡುವುದು, ಬೆಣ್ಣೆಯ ಕಾರ್ಖಾನೆ ಸುಡುವುದು, ಕಂಡವರ ಮೇಲೆ ಸೇಡು ತೀರಿಸುವುದು ಇವುಗಳಿಂದ ಆ ಹೆಸರು ಇಂದಿಗೂ ಅಲ್ಲಿ ಬೈಗುಳವಾಗಿಯೇ ಉಳಿದಿದೆ.

ಇನ್ನು ಕಥೆಗೆ ಬರೋಣ. ಹೊಂಚು, ಗುಂಡು, ದೇಶಭಕ್ತಿಗಳಿಂದಲೇ ಒಂದು ಚಿತ್ರವನ್ನು ಸುಲಭವಾಗಿ ಹೊಂದಿಸಬಹುದಿತ್ತು. ಕಿಲಾರ್ನಿಯವರು ಹಾಗೆ ಮಾಡಲಿಲ್ಲ. ಅವರ ಕಥೆ ಆರಂಭವಾಗುವುದು ಎರಡು ತಲೆಮಾರು ಹಿಂದೆ, 1860ರ ದಶಕದಲ್ಲಿ. ಆಗ ಫೀನಿಯನ್ನರೆಂಬ ಗುಪ್ತಸಂಘದವರು ದಂಗೆಗೆ ಸಿದ್ಧತೆ ನಡೆಸಿದ್ದರು. ಅವರೊಳಗಿಂದಲೇ ಸರಕಾರಕ್ಕೆ ಸುದ್ದಿ ಮುಟ್ಟಿಸುತ್ತಿದ್ದವರಿಂದಾಗಿ ಅವರ ಯೋಜನೆಗಳು ಮತ್ತೆಮತ್ತೆ ಮುರಿದುಬಿದ್ದವು. ಇದು ಚರಿತ್ರೆ. ಚಿತ್ರದಲ್ಲಿ ಬ್ರಯನ್ ಮಲೋನ್ ಎಂಬವನ ಮೇಲೆ ಅಂಥದೇ ಅಪವಾದ ಬೀಳುತ್ತದೆ. ಅವನು ನಿರಪರಾಧಿ; ಆದರೆ ಊರು ಅವನನ್ನು ದ್ರೋಹಿಯೆಂದು ನಂಬಿಬಿಡುತ್ತದೆ. ಮುಂದೆ ಅರ್ಧ ಶತಮಾನ ಕಳೆದು 1919 ಬರುತ್ತದೆ. ಅದೇ ಹೆಸರಿನ ಮೊಮ್ಮಗ ಬ್ರಯನ್ ಮಲೋನ್ ಸ್ವಾತಂತ್ರ್ಯಪಡೆಯಲ್ಲಿ ಸೇರಿಕೊಂಡಿದ್ದಾನೆ. ಅವನ ನಡತೆಯಲ್ಲಿ ಯಾವ ಕುಂದೂ ಇಲ್ಲ. ಆದರೂ ‘ಇವನ ಅಜ್ಜ ಅಂಥವನಂತೆ’ ಎಂಬ ಒಂದೇ ಮಾತಿನಿಂದ ಅವನನ್ನು ಪಡೆಯಿಂದ ಹೊರಗೆ ಹಾಕುತ್ತಾರೆ.

ಈ ಒಂದು ಸಂಗತಿಯನ್ನು ಅಡಿಪಾಯವಾಗಿ ಹಿಡಿದದ್ದರಲ್ಲಿ ಕಿಲಾರ್ನಿಯವರ ಪ್ರಾಮಾಣಿಕತೆ ಇದೆಯೆಂದು ನಮ್ಮ ಅಭಿಪ್ರಾಯ. ಹಳ್ಳಿಯ ಬದುಕನ್ನು ಬಲ್ಲವರಿಗೆ ಇದು ಹೊಸದಲ್ಲ. ಶಾಲೆಗೆ ಮಗುವೊಂದು ಬಂದು ಹಾಜರಿಪುಸ್ತಕದಲ್ಲಿ ಹೆಸರು ಬರೆಸುವಾಗ, ಜೊತೆಯಲ್ಲಿ ನಿಂತ ಯಾರೋ ಒಬ್ಬರು ದನಿ ತಗ್ಗಿಸಿ ‘ಆ ಮನೆಯವನು, ಸ್ವಾಮಿ’ ಎಂದು ಹೇಳುವುದನ್ನು ನಾವು ಅನೇಕ ಸಲ ಕೇಳಿದ್ದೇವೆ. ಆ ಮನೆಯಲ್ಲಿ ಯಾವಾಗ ಏನು ನಡೆಯಿತು, ನಿಜವಾಗಿ ನಡೆಯಿತೇ ಇಲ್ಲವೇ, ಹೇಳಿದವರಿಗೇ ತಿಳಿದಿರುವುದಿಲ್ಲ. ಮಗು ಮಾತ್ರ ಆ ಮಾತನ್ನು ಬೆನ್ನಿಗೆ ಕಟ್ಟಿಕೊಂಡೇ ಬೆಂಚಿನಲ್ಲಿ ಕೂರುತ್ತದೆ. ಗುಪ್ತವಾಗಿ ನಡೆಯಬೇಕಾದ ಹೋರಾಟದಲ್ಲಿ ಸಂಶಯವೇ ಕವಚ. ಅದಿಲ್ಲದಿದ್ದರೆ ದಂಡು ಉಳಿಯದು. ಅದೇ ಸಂಶಯ ತಪ್ಪು ಮನೆಯ ಬಾಗಿಲು ತಟ್ಟಿದರೆ ಏನಾಗುತ್ತದೆಂಬುದನ್ನು ಅದನ್ನು ಅನುಭವಿಸಿದ ಊರಿನವರೇ ಬಲ್ಲರು.

ಹೊರದೂಡಲ್ಪಟ್ಟ ಬ್ರಯನ್ ಏನು ಮಾಡುತ್ತಾನೆ? ಅವಮಾನದ ಸಿಟ್ಟಿನಲ್ಲಿ ಹೋಗಿ ಬ್ರಿಟಿಷರ ಪೊಲೀಸ್ ಪಡೆಯನ್ನೇ ಸೇರುತ್ತಾನೆ. ಅವನನ್ನು ಮೆಚ್ಚಿದ್ದ ಐಲೀನ್ ಎಂಬ ಹುಡುಗಿಯೂ ಅವಳ ಮನೆಯವರೂ ದೂರವಾಗುತ್ತಾರೆ. ಊರಿನವರು, ನೋಡಿದಿರಾ, ರಕ್ತದ ಗುಣ ಎಲ್ಲಿ ಹೋದೀತು ಎಂದುಕೊಳ್ಳುವಂತಾಗುತ್ತದೆ. ಅವನ ಅಣ್ಣತಮ್ಮಂದಿರಲ್ಲಿ ಬಿಲ್ಲಿ ಎಂಬವನೊಬ್ಬನಿದ್ದಾನೆ. ಹೋರಾಟದ ಗೊಡವೆಯಿಲ್ಲದವನಂತೆ, ಬ್ರಿಟಿಷರಿಗೆ ಬೇಕಾದವನಂತೆ ಹೊರಗೆ ಕಾಣಿಸಿಕೊಳ್ಳುವ ಈ ಬಿಲ್ಲಿ, ಒಳಗಿನಿಂದ ಸ್ವಾತಂತ್ರ್ಯಪಡೆಯ ಗೂಢಚಾರ. ಹೀಗೆ, ನಿಷ್ಠನೆಂದು ಊರು ಬಗೆಯದ ಮನೆಯಲ್ಲಿಯೇ ದಂಡಿನ ಕಣ್ಣು ಕಿವಿಗಳಾದವನು ಬದುಕುತ್ತಿದ್ದಾನೆ; ಅದನ್ನು ಹೇಳಿಕೊಳ್ಳುವಂತಿಲ್ಲ. ಬ್ಲ್ಯಾಕ್ ಅಂಡ್ ಟ್ಯಾನರ ಕೃತ್ಯಗಳನ್ನು ಕಣ್ಣಾರೆ ಕಂಡು ಹೇಸಿದ ಬ್ರಯನ್ ಸಮವಸ್ತ್ರವನ್ನು ತೊರೆದು ತನ್ನವರ ಕಡೆಗೆ ಓಡಿಬರುತ್ತಾನೆ. ಮನೆತನದ ಕಳಂಕ ತೊಳೆಯುತ್ತದೆ. ಆದರೆ ಅದಕ್ಕೆ ಬೆಲೆಯಾಗಿ ಬಿಲ್ಲಿಯ ಪ್ರಾಣ ಹೋಗುತ್ತದೆ. ಬ್ರಯನ್ನನ ಪಾತ್ರ ವಹಿಸಿದವರು ಬ್ರಯನ್ ಓಸಲಿವನ್. ಬಿಲ್ಲಿಯ ಪಾತ್ರ, ಮೇಲೆ ಹೇಳಿದ ಓಕಾಹಿಲ್ ಅವರದು. ಐಲೀನಳಾಗಿ ನಟಿಸಿದವರ ಹೆಸರೂ ಐಲೀನ್, ಐಲೀನ್ ಡೇವಿಸ್.

ಪೊಲೀಸು ಪಡೆಯಿಂದ ಓಡಿಬರುವುದು ನಾಟಕೀಯವೆಂದು ಯಾರಿಗಾದರೂ ತೋರಬಹುದು. ಅಲ್ಲ. 1920ರ ಜೂನ್ 19ರಂದು ಇದೇ ಕೆರಿ ಸೀಮೆಯ ಲಿಸ್ಟೋವೆಲ್ ಠಾಣೆಯಲ್ಲಿ ಸ್ಮಿತ್ ಎಂಬ ಬ್ರಿಟಿಷ್ ಅಧಿಕಾರಿ ಪೇದೆಗಳನ್ನು ನಿಲ್ಲಿಸಿ, ಸಂಶಯ ಬಂದವರ ಮೇಲೆ ಗುಂಡು ಹಾರಿಸಲು ಹಿಂಜರಿಯಬಾರದೆಂದು ಬೋಧಿಸಿದಾಗ, ಜೆರಮಯ ಮೀ ಎಂಬ ಪೇದೆ ತನ್ನ ಟೋಪಿಯನ್ನೂ ನಡುಪಟ್ಟಿಯನ್ನೂ ಸಂಗೀನನ್ನೂ ಕಳಚಿ ಮೇಜಿನ ಮೇಲಿಟ್ಟನು. ಅವನೂ ಅವನ ಕೆಲವು ಸಂಗಾತಿಗಳೂ ಕೆಲಸ ಬಿಟ್ಟು ನಡೆದರು. ಅದಾಗಿ ಒಂಬತ್ತೇ ದಿನಗಳಲ್ಲಿ, ಜೂನ್ 28ರಂದು, ಅದೇ ಸುದ್ದಿಗಳ ಬಿಸಿ ಸಾವಿರಾರು ಮೈಲಿ ದೂರದ ನಮ್ಮ ಪಂಜಾಬಿಗೂ ತಟ್ಟಿತು. ಜಲಂಧರದ ದಂಡುಪಾಳ್ಯದಲ್ಲಿದ್ದ ಕನಾಟ್ ರೇಂಜರ್ಸ್ ಎಂಬ ಐರಿಷ್ ದಳದ ಸೈನಿಕರು, ತಮ್ಮ ತಾಯ್ನಾಡಿನಲ್ಲಿ ಬ್ರಿಟಿಷರು ನಡೆಸುತ್ತಿರುವ ದಬ್ಬಾಳಿಕೆಯನ್ನು ಕೇಳಿ, ಇನ್ನು ಮುಂದೆ ಕೆಲಸ ಮಾಡೆವೆಂದು ಆಯುಧ ಕೆಳಗಿಟ್ಟರು. ಅದೇ ದಳದ ಜೇಮ್ಸ್ ಡೇಲಿ ಎಂಬ ತರುಣನನ್ನು 1920ರ ನವೆಂಬರ್ 2ರಂದು ಇಂದಿನ ಹಿಮಾಚಲ ಪ್ರದೇಶದ ದಗ್‌ಶಾಯಿ ಸೆರೆಮನೆಯಲ್ಲಿ ಗುಂಡಿಕ್ಕಿ ಕೊಂದರು. ಪರರ ಸಮವಸ್ತ್ರ ಧರಿಸಿದ ಐರಿಷ್ ಹುಡುಗನೊಬ್ಬ ಅದನ್ನು ಕಳಚಲು ಪಡುವ ಪಾಡು ಅಂದಿನ ಪ್ರೇಕ್ಷಕರಿಗೆ ಬರಿಯ ಕಲ್ಪನೆಯಾಗಿರಲಿಲ್ಲ.

ಒಂದು ಸಣ್ಣ ಊರು ವಾಕ್ಚಿತ್ರ ತೆಗೆಯುವುದೆಂದರೆ ಎಂಥ ಸಾಹಸವೆಂಬುದನ್ನು ಇಂದಿನ ಮಕ್ಕಳಿಗೆ ತಿಳಿಯಪಡಿಸುವುದು ಕಷ್ಟ. ಅವರ ಜೇಬಿನಲ್ಲಿರುವ ಫೋನೇ ಕ್ಯಾಮರಾ, ಅದೇ ಧ್ವನಿಗ್ರಾಹಕ. ಮೂಕಚಿತ್ರದಲ್ಲಿ ಕ್ಯಾಮರಾದ ಹಿಡಿಯನ್ನು ಕೈಯಿಂದ ತಿರುಗಿಸಿದರೂ ನಡೆಯುತ್ತಿತ್ತು. ವೇಗ ತುಸು ಹೆಚ್ಚುಕಡಿಮೆಯಾದರೆ ನಗೆ ಬರುತ್ತಿತ್ತೇ ಹೊರತು ಚಿತ್ರ ಕೆಡುತ್ತಿರಲಿಲ್ಲ. ಮಾತು ಬಂದ ಮೇಲೆ ಫಿಲ್ಮು ಸೆಕೆಂಡಿಗೆ 24 ಚೌಕಟ್ಟುಗಳಂತೆ, ಅಂದರೆ ನಿಮಿಷಕ್ಕೆ 90 ಅಡಿಯಂತೆ, ಎಳ್ಳಷ್ಟೂ ತಪ್ಪದೆ ಓಡಬೇಕು. ಒಂದೂವರೆ ಗಂಟೆಯ ಚಿತ್ರಕ್ಕೆ 8,000 ಅಡಿ ಮಿಕ್ಕಿದ ಫಿಲ್ಮು. ಮಾತು ಆ ಫಿಲ್ಮಿನ ಅಂಚಿನಲ್ಲಿ ಬೆಳಕು ನೆರಳುಗಳ ಗೆರೆಯಾಗಿ ಅಚ್ಚಾಗಿರುತ್ತದೆ. ಪ್ರೊಜೆಕ್ಟರಿನಲ್ಲಿ ಚಿತ್ರವನ್ನು ಬೆಳಗುವ ಕಿಂಡಿಯೇ ಬೇರೆ, ಧ್ವನಿಯ ಗೆರೆಯನ್ನು ಓದುವ ಜಾಗವೇ ಬೇರೆ. ಆದ್ದರಿಂದ ಪ್ರತಿಯೊಂದು ಮಾತನ್ನೂ ಅದರ ಚಿತ್ರಕ್ಕಿಂತ ಸುಮಾರು 20 ಚೌಕಟ್ಟುಗಳಷ್ಟು ಮುಂದಕ್ಕೆ ಅಚ್ಚು ಮಾಡಬೇಕಾಗುತ್ತದೆ. ಲೆಕ್ಕ ತಪ್ಪಿದರೆ ತುಟಿ ಮೊದಲು, ಮಾತು ಆಮೇಲೆ. ಟೂರಿಂಗ್ ಟಾಕೀಸಿನ ಡೇರೆಯಲ್ಲಿ ನೆಲದ ಮೇಲೆ ಕುಳಿತು ಚಿತ್ರ ನೋಡಿದ ನಮ್ಮ ತಲೆಮಾರಿನವರಿಗೆ ಈ ಅನುಭವ ಚೆನ್ನಾಗಿಯೇ ಉಂಟು. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ ತೆರೆಕಂಡದ್ದು 1934ರಲ್ಲಿ. ಸಲಕರಣೆಯಿದ್ದಲ್ಲಿಗೇ ಹೋಗಬೇಕಾಗಿ ಬಂದು ಅದನ್ನು ಗಡಿಯಾಚೆಯ ಕೊಲ್ಹಾಪುರದ ಸ್ಟುಡಿಯೋದಲ್ಲಿ ತೆಗೆಯಲಾಯಿತು. ಕಿಲಾರ್ನಿಯವರು ಬೇರೆಲ್ಲಿಗೂ ಹೋಗದೆ ತಮ್ಮ ಊರಿನಲ್ಲಿಯೇ ಕೆಲಸ ಹೂಡಿದರು.

ಹಾಗೆಂದು ಆ ಊರಿನವರು ಕ್ಯಾಮರಾವನ್ನೇ ಕಾಣದ ಮುಗ್ಧರೆಂದು ತಿಳಿಯಬಾರದು. 1910ರಲ್ಲಿಯೇ ಅಮೆರಿಕದ ಕೇಲಮ್ ಕಂಪೆನಿಯ ಸಿಡ್ನಿ ಓಲ್ಕಾಟ್ ಎಂಬ ನಿರ್ದೇಶಕ ಐರ್ಲೆಂಡಿಗೆ ಬಂದು ಚಿತ್ರ ತೆಗೆದಿದ್ದನು. ಮುಂದಿನ ವರ್ಷಗಳಲ್ಲಿ ಕಿಲಾರ್ನಿಗೆ ಸಮೀಪದ ಬೋಫರ್ಟ್ ಗ್ರಾಮದಲ್ಲಿ ಅವನ ತಂಡ ಬಿಡಾರ ಹೂಡಿ ಹಲವು ಮೂಕಚಿತ್ರಗಳನ್ನು ತಯಾರಿಸಿತು. ಆದರೆ ಅವು ಅಮೆರಿಕಕ್ಕೆ ವಲಸೆ ಹೋದ ಐರಿಷರ ಮನೆನೆನಪನ್ನು ಗುರಿಯಿಟ್ಟು ತೆಗೆದವು. ಇನ್ನೊಬ್ಬರ ಕ್ಯಾಮರಾಕ್ಕೆ ಊರು ಹಿನ್ನೆಲೆಯ ಪರದೆಯಾಗಿ ನಿಂತಿತ್ತು, ಅಷ್ಟೆ.

ನಟನೆಯ ಬಗೆಗೆ ಒಂದು ಮಾತು. ಹವ್ಯಾಸಿಗಳ ನಟನೆಯಲ್ಲಿ ಬಿಗಿತವಿರುತ್ತದೆ. ಇಲ್ಲಿಯೂ ಕೆಲವೆಡೆ ಮಾತು ಪಾಠ ಒಪ್ಪಿಸಿದಂತಿದೆ ಎಂದರೆ ಅನ್ಯಾಯವಾಗದು. ಆದರೆ ಬೆಟ್ಟದ ಓರೆಯಲ್ಲಿ ಮಲಗಿ ರಸ್ತೆಯ ತಿರುವನ್ನು ಕಾಯುವುದನ್ನು ಈ ಮಂದಿಗೆ ಯಾವ ನಿರ್ದೇಶಕನೂ ಕಲಿಸಬೇಕಾಗಿರಲಿಲ್ಲ. ಪಾತ್ರವರ್ಗವೆಲ್ಲ ಊರಿನದೇ ಆದುದರಿಂದ ಶತ್ರುವಿನ ವೇಷವನ್ನೂ ಊರಿನವರೇ ಕಟ್ಟಬೇಕಾಯಿತು. ಯಕ್ಷಗಾನದ ಊರುಗಳಲ್ಲಿ ಹುಟ್ಟಿದ ನಮಗೆ ಇದರ ಮರ್ಮ ಸುಲಭವಾಗಿ ತಿಳಿಯುತ್ತದೆ. ದೇವಿಯ ಪಾತ್ರಕ್ಕೆ ಜನ ಮುಂದೆ ಬರುತ್ತಾರೆ, ಮಹಿಷಾಸುರನಿಲ್ಲದೆ ಪ್ರಸಂಗ ನಡೆಯದು. ಯಾರೋ ಒಬ್ಬ ಕೋಡು ಕಟ್ಟಿಕೊಳ್ಳಲೇಬೇಕು. ಹದಿನೈದು ವರ್ಷಗಳ ಹಿಂದೆ ತಮ್ಮ ಬಾಗಿಲನ್ನು ಒದ್ದವರ ಟೋಪಿಯನ್ನು ತಾವೇ ತಲೆಗಿಟ್ಟು ನೆರೆಯವರ ಮುಂದೆ ನಿಲ್ಲುವುದು ಸಾಮಾನ್ಯ ಕೆಲಸವಲ್ಲ.

ಇದೇ ವಸ್ತುವಿನ ಬೇರೆ ಚಿತ್ರಗಳೂ ಇದ್ದವು. ಈಸ್ಟರ್ ದಂಗೆಯ ಹತ್ತನೆಯ ವರ್ಷವಾದ 1926ರಲ್ಲಿ ‘ಐರಿಷ್ ಡೆಸ್ಟಿನಿ’ ಎಂಬ ಮೂಕಚಿತ್ರ ತೆರೆಗೆ ಬಂದಿತ್ತು. ಕಾಲಕ್ರಮದಲ್ಲಿ ಅದು ಕಳೆದೇಹೋಯಿತೆಂದು ಎಲ್ಲರೂ ತಿಳಿದಿದ್ದರು. 1991ರಲ್ಲಿ ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ಸಿನಲ್ಲಿ ಪ್ರತಿಯೊಂದು ದೊರೆಯಿತು. ‘ದಿ ಡಾನ್’ ಬರುವ ಹಿಂದಿನ ವರ್ಷ, 1935ರಲ್ಲಿ, ಜಾನ್ ಫೋರ್ಡರು ಹಾಲಿವುಡ್ಡಿನಲ್ಲಿ ‘ದಿ ಇನ್ಫಾರ್ಮರ್’ ತೆಗೆದರು. ಲಿಯಮ್ ಓಫ್ಲಾಹರ್ಟಿಯವರ ಕಾದಂಬರಿಯನ್ನು ಆಧರಿಸಿದ ಆ ಚಿತ್ರಕ್ಕೆ ನಾಲ್ಕು ಆಸ್ಕರ್ ಪ್ರಶಸ್ತಿಗಳು ಬಂದವು. ಅದೂ ದ್ರೋಹದ ಕಥೆಯೇ. ಗೆಳೆಯನನ್ನು ಹಣಕ್ಕಾಗಿ ಹಿಡಿದುಕೊಟ್ಟವನ ಕಥೆ. ಕಲೆಯ ದೃಷ್ಟಿಯಿಂದ ನೋಡಿದರೆ ಕೂಪರರ ಚಿತ್ರವನ್ನು ಅದರ ಪಕ್ಕದಲ್ಲಿಡುವುದು ಸಾಧ್ಯವಿಲ್ಲ. ಆದರೆ ಫೋರ್ಡರಿಗೆ ಬೇಕಾದದ್ದು ದ್ರೋಹಿಯ ಅಂತರಂಗ. ಕೂಪರರಿಗೆ ಕಾಣಿಸಿದ್ದು ದ್ರೋಹ ಮಾಡದೆಯೇ ಆ ಹೆಸರು ಹೊತ್ತವನ ಮನೆ. ಎರಡನೆಯದನ್ನು ಹೇಳಲು ಊರಿನೊಳಗೆ ಬಾಳಿದವರೇ ಆಗಬೇಕು.

ಗಡಿನಾಡಿನಲ್ಲಿ ಕನ್ನಡ ಪಾಠ ಹೇಳುವ ನಮ್ಮ ಕಣ್ಣಿಗೆ ಬಿದ್ದ ಇನ್ನೊಂದು ಸಂಗತಿಯನ್ನು ಹೇಳದಿರಲಾರೆವು. ಈ ಚಿತ್ರದ ಜನ ಮಾತನಾಡುವುದು ಇಂಗ್ಲಿಷಿನಲ್ಲಿ. ಕೆರಿಯ ರಾಗ, ಕೆರಿಯ ಬನಿ ಅದರಲ್ಲಿದೆ, ದಿಟ. ಆದರೂ ಅದು ಆಳಿದವರ ಭಾಷೆ. ಕೆರಿಯ ಪಶ್ಚಿಮದ ಡಿಂಗಲ್ ಪರ್ಯಾಯದ್ವೀಪದಲ್ಲಿ ಐರಿಷ್ ಭಾಷೆ ಮನೆಮಾತಾಗಿ ಉಳಿದಿದ್ದರೂ, ಕಿಲಾರ್ನಿಯ ಪೇಟೆಯಲ್ಲಿ ಅದು ಸರಿದುಹೋಗಿತ್ತು. ಆ ಭಾಷೆಯ ಮೊದಲ ವಾಕ್ಚಿತ್ರ ‘ಈಹ ಹ್ಯಾನಖಶ್’, ಅಂದರೆ ‘ಕಥೆಯ ಒಂದು ರಾತ್ರಿ’, ಕೆಲವೇ ನಿಮಿಷಗಳದು. ಐರ್ಲೆಂಡಿನ ಸರಕಾರದ ನೆರವಿನಿಂದ ರಾಬರ್ಟ್ ಫ್ಲಾಹರ್ಟಿಯವರು ಅದನ್ನು ತೆಗೆದರು. ಒಲೆಯ ಸುತ್ತ ಕುಳಿತ ಜನರಿಗೆ ಹಿರಿಯನೊಬ್ಬ ಕಥೆ ಹೇಳುತ್ತಾನೆ. ಅಷ್ಟೇ ಅದರ ವಸ್ತು. ಆ ಚಿತ್ರವೂ ನಷ್ಟವಾಗಿ, 2012ರಲ್ಲಿ ಹಾರ್ವರ್ಡ್ ವಿಶ್ವವಿದ್ಯಾಲಯದ ಭಂಡಾರದಲ್ಲಿ ಪತ್ತೆಯಾಯಿತು. ಐರಿಷ್ ಭಾಷೆಯಲ್ಲಿಯೇ ಪೂರ್ಣಪ್ರಮಾಣದ ಚಿತ್ರವೊಂದು ಬರಲು 1959ರವರೆಗೆ ಕಾಯಬೇಕಾಯಿತು. ಹಳೆಯ ವಾರ್ತಾಚಿತ್ರಗಳ ತುಣುಕುಗಳನ್ನು ಜೋಡಿಸಿ ಜಾರ್ಜ್ ಮಾರಿಸನ್ನರು ತಯಾರಿಸಿದ ‘ಮಿಶಾ ಏರಾ’ ಅದು. ಐರಿಷ್ ಕವಿಯೊಬ್ಬರು ಇಂಗ್ಲಿಷಿನಲ್ಲಿ ಬರೆಯುತ್ತಿದ್ದ ನಮ್ಮ ತರುಣ ಕುವೆಂಪು ಅವರಿಗೆ 1924ರಲ್ಲಿ ಮೈಸೂರಿನಲ್ಲಿ, ನಿಮ್ಮ ಭಾಷೆಯಲ್ಲಿ ಬರೆಯಿರಿ ಎಂದು ಬುದ್ಧಿ ಹೇಳಿದ್ದು ಕನ್ನಡಿಗರಿಗೆಲ್ಲ ಗೊತ್ತು. ಆ ಜೇಮ್ಸ್ ಕಸಿನ್ಸರು ಬೆಲ್‌ಫಾಸ್ಟಿನವರು; ಅವರ ಸ್ವಂತ ಬರವಣಿಗೆಯೂ ಇಂಗ್ಲಿಷಿನಲ್ಲಿಯೇ. ಕಳೆದುಕೊಂಡವರಿಗೆ ಅದರ ಬೆಲೆ ಹೆಚ್ಚು ತಿಳಿದಿತ್ತೋ ಏನೋ.

‘ದಿ ಡಾನ್’ ಹೇಳದೆ ಬಿಟ್ಟದ್ದೂ ಒಂದಿದೆ. ಕಥೆ ಒಪ್ಪಂದದವರೆಗೆ ಬರುವುದೇ ಇಲ್ಲ. 1921ರ ಡಿಸೆಂಬರ್ 6ರ ಒಪ್ಪಂದದಂತೆ ಐರ್ಲೆಂಡಿನ ಹೆಚ್ಚಿನ ಭಾಗಕ್ಕೆ ಸ್ವಯಮಾಡಳಿತ ಬಂತು. ಉತ್ತರದ ಆರು ಕೌಂಟಿಗಳು ಗಡಿಯಾಚೆ ಉಳಿದವು. ಒಪ್ಪಿಕೊಳ್ಳುವುದೋ ಬೇಡವೋ ಎಂಬುದರ ಮೇಲೆ ನಿನ್ನೆಯ ಸಂಗಾತಿಗಳು ಎರಡು ಪಾಳೆಯಗಳಾದರು. 1922ರ ಜೂನಿನಿಂದ 1923ರ ಮೇವರೆಗೆ ನಡೆದ ಆ ಅಂತರ್ಯುದ್ಧ ಕೆರಿಯಲ್ಲಿ ನಡೆದಷ್ಟು ಘೋರವಾಗಿ ಬೇರೆಡೆ ನಡೆದದ್ದು ಅಪರೂಪ. 1923ರ ಮಾರ್ಚ್ 6ರಂದು ನಾಕ್ನಗೋಶಲ್ ಎಂಬಲ್ಲಿ ನೆಲಬಾಂಬಿಗೆ ಸರಕಾರಿ ಪಡೆಯ ಐವರು ಬಲಿಯಾದರು. ಮರುದಿನ ಬೆಳಗಿನ ಜಾವ ಬಾಲಿಸೀಡಿಯಲ್ಲಿ ಒಂಬತ್ತು ಮಂದಿ ಸೆರೆಯಾಳುಗಳನ್ನು ನೆಲಬಾಂಬಿನ ಸುತ್ತ ಕಟ್ಟಿ ಸಿಡಿಸಿದರು. ಸ್ಟೀಫನ್ ಫುಲ್ಲರ್ ಎಂಬ ಒಬ್ಬನು ಮಾತ್ರ ಸಿಡಿತದ ರಭಸಕ್ಕೆ ದೂರ ಎಸೆಯಲ್ಪಟ್ಟು ಬದುಕಿಕೊಂಡನು. ಮುಂದೆ ಅವನು ಶಾಸನಸಭೆಯ ಸದಸ್ಯನೂ ಆದನು. ಅದೇ ದಿನ ಕಿಲಾರ್ನಿಯ ಕೌಂಟೆಸ್ ಸೇತುವೆಯ ಬಳಿ ಅದೇ ರೀತಿಯಲ್ಲಿ ನಾಲ್ವರು ಸತ್ತರು. ಕೊಂದವರೂ ಸತ್ತವರೂ ಐರಿಷರೇ.

ಈ ಮೌನವನ್ನು ಕೂಪರರ ಹೇಡಿತನವೆಂದು ಕರೆಯಲು ನಮಗೆ ಮನಸ್ಸೊಪ್ಪದು. ಊರಿನ ಜನರನ್ನೆಲ್ಲ ಕೂಡಿಸಿ ಚಿತ್ರ ತೆಗೆಯಬೇಕಾದರೆ, ಎಲ್ಲರೂ ಒಂದೇ ಕಡೆ ನಿಂತಿದ್ದ ಕಾಲದ ಕಥೆಯನ್ನೇ ಹೇಳಬೇಕಾಗುತ್ತದೆ. ಆದರೂ, ಅಜ್ಜನ ಹೆಸರಿನಿಂದಾಗಿ ಹೊರದೂಡಲ್ಪಟ್ಟವನನ್ನು ಮತ್ತೆ ಒಳಗೆ ಕರೆದುಕೊಳ್ಳುವ ಕಥೆಯನ್ನೇ ಅವರು ಆರಿಸಿಕೊಂಡದ್ದು ಆಕಸ್ಮಿಕವೆಂದು ನಮಗೆ ತೋರುವುದಿಲ್ಲ. 1936ರಲ್ಲಿ ಆ ಗಾಯ ಇನ್ನೂ ಹಸಿಯಾಗಿಯೇ ಇತ್ತು. ಸ್ವಾತಂತ್ರ್ಯಪಡೆಯ ಹೆಸರನ್ನು ಉಳಿಸಿಕೊಂಡು ಬಂದಿದ್ದ ಗುಂಪನ್ನು ಡಿ ವಲೇರಾ ಅವರ ಸರಕಾರವೇ ಆ ವರ್ಷದ ಜೂನಿನಲ್ಲಿ, ಅಂದರೆ ಚಿತ್ರ ತೆರೆಕಂಡ ಮರುತಿಂಗಳು, ನಿಷೇಧಿಸಿತು. ಚಿತ್ರವೇನೋ ಡಬ್ಲಿನ್ನಿಗೆ ಹೋಯಿತು, ಮುಂದೆ ‘ಡಾನ್ ಓವರ್ ಐರ್ಲೆಂಡ್’ ಎಂಬ ಹೆಸರು ಹೊತ್ತು ಅಮೆರಿಕಕ್ಕೂ ಹೋಯಿತು. ಮೊದಲ ಪ್ರದರ್ಶನವನ್ನು ನೋಡಿದ ಕಿಲಾರ್ನಿಯವರು ಮಾತ್ರ, ತೆರೆಯ ಮೇಲೆ ಒಂದೇ ದಂಡಾಗಿದ್ದ ತಮ್ಮ ನೆರೆಹೊರೆಯವರನ್ನು ಕಂಡು, ಕೌಂಟೆಸ್ ಸೇತುವೆಯಿರುವ ಅದೇ ಊರಿನಲ್ಲಿ ತಂತಮ್ಮ ಮನೆಗಳಿಗೆ ನಡೆದರು.